ನ್ಯೂಮರಿಕಲ್ ಮೆಥಡ್ಸ್ ಕಂಪ್ಯೂಟರಲ್ಲಿ ಕಲಿಯೋದು ಎಲ್ಲಿಂದ ಶುರು ಮಾಡಲಿ? ಮಲೆನಾಡಿನವರ ಅನುಭವಗಳು

ಪ್ರಶ್ನೆ, ತೀರ್ಥಹಳ್ಳಿ ಹತ್ತಿರದಿಂದ:

ನಮಸ್ಕಾರ. ಬಿಎಸ್ಸಿ ಮುಗಿಸಿದ್ದೇನೆ, ಗಣಿತದಲ್ಲಿ ಎಂಎಸ್ಸಿ ಮಾಡುವ ಆಸೆ ಇದೆ. ನ್ಯೂಮರಿಕಲ್ ಮೆಥಡ್ಸ್, ಅಂದರೆ ಅಂಕಿಗಳಲ್ಲೇ ಹಂತಹಂತವಾಗಿ ಲೆಕ್ಕ ಹಾಕಿ ಹತ್ತಿರದ ಉತ್ತರ ಹುಡುಕುವ ವಿಧಾನಗಳು, ನ್ಯೂಟನ್-ರಾಫ್ಸನ್, ಸಿಂಪ್ಸನ್, ರುಂಗೆ-ಕುಟ್ಟ ಎಲ್ಲ ಪರೀಕ್ಷೆಗೆ ಕ್ಯಾಲ್ಕುಲೇಟರ್ ಹಿಡಿದು ಮಾಡಿದ್ದೇನೆ. ಅಂಕವೂ ಬಂತು. ಆದರೆ ಅದನ್ನೇ ಕಂಪ್ಯೂಟರಲ್ಲಿ ಮಾಡು ಅಂದರೆ ಕೈ ಓಡುವುದಿಲ್ಲ. ಮೊದಲು ಪ್ರೋಗ್ರಾಮಿಂಗ್ ಪೂರ್ತಿ ಕಲಿಯಬೇಕಾ? ಮನೆ ಪೇಟೆಯಿಂದ ದೂರ, ಮಳೆಗಾಲದಲ್ಲಿ ನೆಟ್ ನಂಬುವ ಹಾಗಿಲ್ಲ. ಕಲಿತವರು ದಯವಿಟ್ಟು ಹೇಳಿ.

ಸಾಗರದಿಂದ, ಡಿಗ್ರಿ ಕಾಲೇಜಿನಲ್ಲಿ ಗಣಿತ ಪಾಠ ಮಾಡುವವರು:

ಪೂರ್ತಿ ಕಲಿಯುವ ತನಕ ಕಾಯಬೇಡಿ ತಂಗೀ. ಲೂಪ್, ಇಫ್, ಫಂಕ್ಷನ್, ಪ್ರಿಂಟ್. ಇಷ್ಟು ಬಂದರೆ ನೀವು ಓದಿದ ಬಹುಪಾಲು ವಿಧಾನಗಳನ್ನು ಬರೆಯಬಹುದು. ಉಳಿದದ್ದು ಬೇಕಾದಾಗ ಬರುತ್ತದೆ.

ನಾನು ಹುಡುಗರಿಗೆ ಒತ್ತಿ ಹೇಳುವುದು ಒಂದು ಮಾತು. ಉತ್ತರ ಮೊದಲೇ ಗೊತ್ತಿರುವ ಲೆಕ್ಕ ತೆಗೆದುಕೊಳ್ಳಿ. ಪ್ರತಿ ಹಂತದಲ್ಲೂ ಉತ್ತರದ ಪಕ್ಕ ತಪ್ಪು ಎಷ್ಟು ಅಂತ ಪ್ರಿಂಟ್ ಮಾಡಿ. 2ರ ವರ್ಗಮೂಲ 1 ಮತ್ತು 2ರ ನಡುವೆ ಇದೆ ಅಲ್ವಾ? ಬೈಸೆಕ್ಷನ್ ವಿಧಾನ ನಡುಬಿಂದು ನೋಡಿ, ಉತ್ತರ ಇರುವ ಕಡೆಯನ್ನಷ್ಟೇ ಇಟ್ಟುಕೊಂಡು, ಪ್ರತಿ ಸಲ ಆ ಅಂತರವನ್ನು ಅರ್ಧ ಮಾಡುತ್ತದೆ. 20 ಸಲ ಆದಾಗ ಅಂತರ ಹತ್ತು ಲಕ್ಷದಲ್ಲಿ ಒಂದು ಭಾಗಕ್ಕಿಂತ ಸ್ವಲ್ಪ ಕಮ್ಮಿ. ಅದೇ ಲೆಕ್ಕವನ್ನು, ಸ್ಪರ್ಶರೇಖೆ ಹಿಡಿದು ಮುಂದಿನ ಅಂದಾಜು ಮಾಡುವ ನ್ಯೂಟನ್-ರಾಫ್ಸನ್‌ನಲ್ಲಿ 1ರಿಂದ ಹೊರಡಿಸಿ. 1.5, 1.416667, 1.414216, ನಾಲ್ಕನೇ ಸಲಕ್ಕೆ 1.41421356237 ಬಂದುಬಿಡುತ್ತದೆ. ಸರಿಯಾದ ಅಂಕಿಗಳು ಪ್ರತಿ ಸಲ ಸುಮಾರು ಎರಡರಷ್ಟಾಗುತ್ತವೆ. ಪುಸ್ತಕದಲ್ಲಿ 'ಕ್ವಾಡ್ರಾಟಿಕ್ ಕನ್ವರ್ಜೆನ್ಸ್' ಅಂತ ಉರು ಹೊಡೆದದ್ದು ಇದೇ. ಕಣ್ಣೆದುರು ನೋಡಿದ ಮೇಲೆ ಮರೆಯುವುದಿಲ್ಲ.

ಆಮೇಲೆ ಅದೇ ಪ್ರೋಗ್ರಾಮಿಗೆ ಎಕ್ಸ್ ಘನ − 2 ಎಕ್ಸ್ + 2 = 0 ಕೊಡಿ, 0ಯಿಂದ ಶುರು ಮಾಡಿ. 0, 1, 0, 1 ಅಂತ ಸುತ್ತುತ್ತಲೇ ಇರುತ್ತದೆ, ಮುಗಿಯುವುದೇ ಇಲ್ಲ. ಲೂಪಿಗೆ ಒಂದು ಗರಿಷ್ಠ ಮಿತಿ ಯಾಕೆ ಹಾಕಬೇಕು ಅಂತ ಯಾರೂ ಹೇಳಿಕೊಡಬೇಕಾಗಿಲ್ಲ.

ಇನ್ನೊಂದು ವಿಷಯಕ್ಕೆ ಜಾಸ್ತಿ ಸಮಯ ಕೊಡಿ. ಕಾಲೇಜಿನಲ್ಲಿ ಇದನ್ನು ಅರ್ಧ ಗಂಟೆಯಲ್ಲಿ ಮುಗಿಸಿಬಿಡುತ್ತಾರೆ, ನನಗೆ ಬೇಸರ ಅದೇ. ಕಂಪ್ಯೂಟರ್ ಸಂಖ್ಯೆಗಳನ್ನು ಸುಮಾರು 16 ಅಂಕಿಗಳಷ್ಟು ಮಾತ್ರ ಇಟ್ಟುಕೊಳ್ಳುತ್ತದೆ, ಅದೂ ಎರಡರ ಘಾತಗಳಲ್ಲಿ. ಪೈಥಾನ್‌ನಲ್ಲಿ 0.1 + 0.2 ಹಾಕಿದರೆ 0.30000000000000004 ಬರುವುದು ಇದಕ್ಕೇ. ಇಷ್ಟು ಚಿಕ್ಕ ವ್ಯತ್ಯಾಸದಿಂದ ಏನಾಗುತ್ತದೆ ಅಂತ ಅನಿಸುತ್ತದೆ. ಎಕ್ಸ್ ವರ್ಗ − 10,00,00,000 ಎಕ್ಸ್ + 1 = 0 ಬಿಡಿಸಿ ನೋಡಿ. ಶಾಲೆಯ ಸೂತ್ರ ಹಾಕಿದರೆ ಚಿಕ್ಕ ಮೂಲ 0.00000000745 ಅಂತ ಬರುತ್ತದೆ. ನಿಜವಾದದ್ದು 0.00000001. ಕಾಲು ಭಾಗವೇ ತಪ್ಪು! ಸೂತ್ರ ತಪ್ಪಲ್ಲ, ಪ್ರೋಗ್ರಾಮೂ ತಪ್ಪಲ್ಲ. ಹೆಚ್ಚುಕಡಿಮೆ ಸಮ ಇರುವ ಎರಡು ದೊಡ್ಡ ಸಂಖ್ಯೆಗಳನ್ನು ಕಳೆದಾಗ ಒಳ್ಳೆಯ ಅಂಕಿಗಳೆಲ್ಲ ಹೋಗಿ ಕಸ ಉಳಿಯಿತು. ದೊಡ್ಡ ಮೂಲವನ್ನು ಮೊದಲು ಕಂಡುಹಿಡಿದು 1ನ್ನು ಅದರಿಂದ ಭಾಗಿಸಿ, ಚಿಕ್ಕದು ಸರಿಯಾಗಿ ಸಿಗುತ್ತದೆ. ಈ ಒಂದು ಲೆಕ್ಕವನ್ನು ನೀವೇ ಮಾಡಿ ನೋಡಬೇಕು, ಓದಿದರೆ ಸಾಲದು.

ಶಿವಮೊಗ್ಗದಿಂದ, ಸಿವಿಲ್ ಎಂಜಿನಿಯರ್:

ಮೇಡಂ ಹೇಳಿದ್ದು ಸರಿ. ನನಗೆ ಈ ವಿಷಯ ಹಿಡಿಸಿದ್ದು ಕೆಲಸದಿಂದ, ಹಾಗಾಗಿ ಸುತ್ತಮುತ್ತ ಇರುವ ಲೆಕ್ಕ ತೆಗೆದುಕೊಳ್ಳಿ ಅಂತ ಹೇಳುತ್ತೇನೆ.

ತೋಟದ ಕೃಷಿ ಹೊಂಡವನ್ನೇ ನೋಡಿ. ಮೇಲೆ 21 ಮೀಟರ್ ಚೌಕ, ತಳದಲ್ಲಿ 12 ಮೀಟರ್ ಚೌಕ, ಆಳ 3 ಮೀಟರ್ ಅಂತಿಟ್ಟುಕೊಳ್ಳಿ. ಎಷ್ಟು ನೀರು ಹಿಡಿಯುತ್ತದೆ? ಮೇಲಿನ ಮತ್ತು ತಳದ ವಿಸ್ತೀರ್ಣದ ಸರಾಸರಿಯನ್ನು ಆಳದಿಂದ ಗುಣಿಸಿದರೆ 877.5 ಘನ ಮೀಟರ್. ಟ್ರೆಪಿಜಾಯ್ಡಲ್ ರೂಲ್ ಅಂದರೆ ಇದೇ. ನಿಜವಾದ ಅಳತೆ 837. ಅಂದರೆ 40,500 ಲೀಟರ್ ಇಲ್ಲದ ನೀರು ಲೆಕ್ಕದಲ್ಲಿ ಸೇರಿತು. ಈಗ ಅರ್ಧ ಆಳದಲ್ಲಿ ಇನ್ನೊಂದು ಅಳತೆ ತೆಗೆಯಿರಿ, ಅಲ್ಲಿ 16.5 ಮೀಟರ್ ಚೌಕ. ಎರಡು ಪಟ್ಟಿ ಮಾಡಿ ಲೆಕ್ಕ ಹಾಕಿದರೆ 847.125. ತಪ್ಪು 40.5ರಿಂದ 10.125ಕ್ಕೆ ಇಳಿಯಿತು, ಸರಿಯಾಗಿ ಕಾಲು ಭಾಗ. ಅದೇ ಮೂರು ಅಳತೆಗಳನ್ನು ಸಿಂಪ್ಸನ್ ಸೂತ್ರಕ್ಕೆ ಹಾಕಿ: 837, ಒಂದು ಲೀಟರೂ ಆಚೀಚೆ ಇಲ್ಲ. ಆಳಕ್ಕೆ ತಕ್ಕಂತೆ ವಿಸ್ತೀರ್ಣ ವರ್ಗದ ಲೆಕ್ಕದಲ್ಲಿ ಬದಲಾಗುತ್ತದೆ, ಸಿಂಪ್ಸನ್ ಅಂಥದ್ದನ್ನು ತಪ್ಪಿಲ್ಲದೆ ಹಿಡಿಯುತ್ತದೆ. ನಮ್ಮ ಕಡೆಯ ಹಳೇ ಕೆರೆಗಳಿಗೆ ಇಷ್ಟು ನೇರ ದಂಡೆ ಇರುವುದಿಲ್ಲ, ಅಲ್ಲಿ ಅಳತೆ ಜಾಸ್ತಿ ಬೇಕು.

ಬೈಸೆಕ್ಷನ್ ನಿಧಾನ ಅಂತ ಬಿಡಬೇಡಿ. ಕಾಲುವೆಯಲ್ಲಿ ಇಷ್ಟು ನೀರು ಹರಿದರೆ ಆಳ ಎಷ್ಟು ಅಂತ, ಕಾಲುವೆಯ ಹರಿವು ಲೆಕ್ಕ ಹಾಕುವ ಮ್ಯಾನಿಂಗ್ ಸೂತ್ರದಿಂದ ನೇರವಾಗಿ ಬಿಡಿಸಲು ಬರುವುದಿಲ್ಲ, ಆಳ ಒಳಗೆ ಸಿಕ್ಕಿಕೊಂಡಿರುತ್ತದೆ. ಆದರೆ ಆಳ ಸೊನ್ನೆ ಇದ್ದರೆ ಹರಿವು ಸೊನ್ನೆ, ಕಾಲುವೆ ತುಂಬಿದರೆ ಹರಿವು ಬೇಕಾದ್ದಕ್ಕಿಂತ ಜಾಸ್ತಿ. ನಡುವೆ ಉತ್ತರ ಇದ್ದೇ ಇದೆ. ಬೈಸೆಕ್ಷನ್ ಅಲ್ಲಿ ಕೈಬಿಡುವುದಿಲ್ಲ.

ಶಂಕರಘಟ್ಟದಿಂದ, ಕುವೆಂಪು ವಿವಿ ವಿದ್ಯಾರ್ಥಿ:

ಅಕ್ಕ, ನೆಟ್ ಚಿಂತೆ ಬೇಡ. ಪೇಟೆಗೆ ಹೋದಾಗ ಆಕ್ಟೇವ್ ಅನ್ನೋ ಲೆಕ್ಕದ ಸಾಫ್ಟ್‌ವೇರ್, ಇಲ್ಲಾ ಪೈಥಾನ್ ಜೊತೆ ಅದರ ಲೆಕ್ಕದ ಲೈಬ್ರರಿಗಳಾದ (ಸಿದ್ಧ ಪ್ರೋಗ್ರಾಮುಗಳ ಸಂಗ್ರಹ) ನಮ್‌ಪೈ, ಸೈಪೈ ಇಳಿಸಿಕೊಳ್ಳಿ. ಎಲ್ಲವೂ ಉಚಿತ, ಆಮೇಲೆ ನೆಟ್ ಇಲ್ಲದೆಯೂ ಓಡುತ್ತವೆ. ಐಐಟಿ ಬಾಂಬೆಯ ಸ್ಪೋಕನ್ ಟ್ಯುಟೋರಿಯಲ್ ವೀಡಿಯೊಗಳನ್ನೂ ಇಳಿಸಿಟ್ಟುಕೊಳ್ಳಬಹುದು, ಕೆಲವು ಕನ್ನಡದಲ್ಲೂ ಇವೆ. ಹಳೇ ಲ್ಯಾಪ್‌ಟಾಪ್ ಸಾಕು.

ಕೊಪ್ಪದವರು, ಸಿಮ್ಯುಲೇಷನ್ ಕೆಲಸದಲ್ಲಿರುವವರು:

ನನ್ನದು ಸ್ವಲ್ಪ ಬೇರೆ ಅಭಿಪ್ರಾಯ. ಒಟ್ಟಿಗೆ ಇರುವ ಸಮೀಕರಣಗಳಿಂದ ಒಂದೊಂದೇ ಚರವನ್ನು ತೆಗೆದು ಬಿಡಿಸುವ ಗೌಸ್ ಎಲಿಮಿನೇಷನ್ ಒಮ್ಮೆ ಕೈಯಾರೆ ಬರೆಯಿರಿ, ಪಿವೋಟಿಂಗ್ (ಭಾಗಿಸುವ ಸಂಖ್ಯೆ ದೊಡ್ಡದಿರುವಂತೆ ಸಾಲುಗಳನ್ನು ಅದಲುಬದಲು ಮಾಡುವುದು) ಬಿಟ್ಟರೆ ಏನಾಗುತ್ತದೆ ಅಂತ ನೋಡಿ. ಅಷ್ಟಕ್ಕೇ ನಿಲ್ಲಿಸಿ. ನಿಜವಾದ ಕೆಲಸಕ್ಕೆ ಲೈಬ್ರರಿಯನ್ನೇ ಬಳಸಿ, ಅದರ ಹಿಂದೆ ಎಷ್ಟೋ ಜನರ ದಶಕಗಳ ಪರೀಕ್ಷೆ ಇದೆ.

ಡಿಫರೆನ್ಷಿಯಲ್ ಸಮೀಕರಣ ಮಾತ್ರ ಸುಮ್ನೆ ಬಿಡಬೇಡಿ. ವೈ ಬದಲಾಗುವ ದರ −50 ವೈ ಅಂತ ಇಟ್ಟು, ಈಗಿನ ದರ ಹಿಡಿದು ಒಂದೊಂದೇ ಹೆಜ್ಜೆ ಮುಂದೆ ಹೋಗುವ ಆಯ್ಲರ್ ವಿಧಾನ ಓಡಿಸಿ. ನಿಜವಾದ ಉತ್ತರ ಬೇಗ ಸೊನ್ನೆಗೆ ಇಳಿಯುತ್ತದೆ. ಹೆಜ್ಜೆ 0.01 ಇದ್ದರೆ ಚೆನ್ನಾಗಿ ಇಳಿಯುತ್ತದೆ. 0.05 ಇಟ್ಟರೆ ಪ್ರತಿ ಹೆಜ್ಜೆಗೂ −1.5ರಿಂದ ಗುಣಿಸಿದಂತಾಗಿ ಮೇಲೆ ಕೆಳಗೆ ಹಾರುತ್ತಾ ಬೆಳೆಯುತ್ತದೆ. 0.04ರ ಕೆಳಗೆ ಇದ್ದರೆ ಮಾತ್ರ ಉಳಿಗಾಲ. ಸ್ಟಿಫ್ ಸಮೀಕರಣಗಳಿಗೆ, ಅಂದರೆ ಹೆಜ್ಜೆ ತೀರಾ ಚಿಕ್ಕದಿಲ್ಲದಿದ್ದರೆ ಹೀಗೆ ಕೈತಪ್ಪುವಂಥವಕ್ಕೆ, ಬೇರೆಯೇ ವಿಧಾನಗಳು ಯಾಕೆ ಬೇಕು ಅಂತ ಇಲ್ಲಿ ಗೊತ್ತಾಗುತ್ತದೆ.

ಮತ್ತೆ ತೀರ್ಥಹಳ್ಳಿಯಿಂದ:

ಎಲ್ಲರಿಗೂ ತುಂಬಾ ಧನ್ಯವಾದ. ಹೊಂಡದ ಲೆಕ್ಕ ಇವತ್ತೇ ಮಾಡುತ್ತೇನೆ. ಒಂದು ಅನುಮಾನ. ಉತ್ತರ ಗೊತ್ತಿಲ್ಲದ ಲೆಕ್ಕ ಬಂದಾಗ ತಪ್ಪು ಎಷ್ಟು ಅಂತ ತಿಳಿಯೋದು ಹೇಗೆ?

ಸಾಗರದವರು:

ಕೇಳಬೇಕಾದ್ದನ್ನೇ ಕೇಳಿದಿರಿ. ಹೆಜ್ಜೆಯನ್ನು ಅರ್ಧ ಮಾಡಿ ಮತ್ತೆ ಓಡಿಸಿ. ಎರಡೂ ಉತ್ತರಗಳಲ್ಲಿ ಎಷ್ಟು ಅಂಕಿ ಒಂದೇ ಇದೆಯೋ, ಸಾಮಾನ್ಯವಾಗಿ ಅಷ್ಟನ್ನು ನಂಬಬಹುದು. ಸಾಧ್ಯವಾದರೆ ಬೇರೆ ವಿಧಾನದಲ್ಲೂ ಮಾಡಿ. ಸಿಕ್ಕ ಉತ್ತರವನ್ನು ಸಮೀಕರಣಕ್ಕೆ ವಾಪಸ್ ಹಾಕಿ ನೋಡುವುದೂ ಒಳ್ಳೆಯದು, ಆದರೆ ಅದೊಂದನ್ನೇ ನೆಚ್ಚಬೇಡಿ. 10 ಸಾಲು 10 ಕಂಬದ ಹಿಲ್ಬರ್ಟ್ ಮ್ಯಾಟ್ರಿಕ್ಸ್ (1, 1/2, 1/3 ಅಂಥ ಭಿನ್ನರಾಶಿಗಳ ಕೋಷ್ಟಕ) ತೆಗೆದುಕೊಂಡು, ಉತ್ತರ ಎಲ್ಲ 1 ಬರುವಂತೆ ಬಲಭಾಗ ಮಾಡಿ, ಆಮೇಲೆ ಬಿಡಿಸಿ. ವಾಪಸ್ ಹಾಕಿದರೆ ಎಲ್ಲ ಸರಿ ಅನಿಸುತ್ತದೆ. ಆದರೆ ಅದರ ಕಂಡೀಷನ್ ನಂಬರ್, ಅಂದರೆ ಸಣ್ಣ ತಪ್ಪು ಉತ್ತರದಲ್ಲಿ ಎಷ್ಟು ಪಟ್ಟು ಹಿಗ್ಗಬಹುದು ಅನ್ನುವ ಅಳತೆ, ಸುಮಾರು 10ರ 13ನೇ ಘಾತ. 16 ಅಂಕಿಗಳಲ್ಲಿ 13ರಷ್ಟು ಹೋಗುವ ಅಪಾಯ ಇದೆ, ನಂಬಬಹುದಾದದ್ದು ಮೊದಲ ಮೂರೋ ನಾಲ್ಕೋ. ನಮ್‌ಪೈಯಲ್ಲೂ ಆಕ್ಟೇವ್‌ನಲ್ಲೂ ಆ ನಂಬರ್ ಕೇಳಲು ಒಂದೇ ಕಮಾಂಡ್. ದೊಡ್ಡ ಮ್ಯಾಟ್ರಿಕ್ಸ್ ಬಿಡಿಸುವ ಮೊದಲು ಅದನ್ನು ಕೇಳಿಕೊಳ್ಳಿ.