ಸೊರಾರಿಟಿಗೆ ಸೇರಿಸಿಕೊಳ್ಳುವಾಗ ಬಣ್ಣ ನೋಡುತ್ತಾರಾ?

ಹಾಸನದವಳು, ಈಗ ಅಟ್ಲಾಂಟಾ
ಮಗಳು ಈ ಆಗಸ್ಟ್‌ನಲ್ಲಿ ಅಮೆರಿಕದ ದಕ್ಷಿಣದ ಒಂದು ದೊಡ್ಡ ಕಾಲೇಜಿಗೆ ಹೋಗುತ್ತಿದ್ದಾಳೆ. ಕ್ಲಾಸು ಶುರುವಾಗುವ ಮುಂಚೆಯೇ 'ರಶ್' ಅಂತೆ, ಅಂದರೆ ಸೊರಾರಿಟಿಗೆ (ಕಾಲೇಜು ಹುಡುಗಿಯರ ಸಂಘ) ಸೇರಿಸಿಕೊಳ್ಳೋ ಸಮಯ. ವಾರವೆಲ್ಲ ಸೊರಾರಿಟಿ ಮನೆಗಳಿಗೆ ಹೋಗಿ ನಗುನಗುತ್ತಾ ಮಾತಾಡಬೇಕು, ಕೊನೆಗೆ ಅವರಿಗೆ ಹಿಡಿಸಿದರೆ 'ಬಿಡ್', ಅಂದರೆ ಬಂದು ಸೇರು ಅನ್ನೋ ಕರೆ, ಕೊಡುತ್ತಾರೆ. ಥೇಟ್ ಹೆಣ್ಣು ನೋಡೋ ಶಾಸ್ತ್ರ! ಅವರ ಫೋಟೋಗಳಲ್ಲಿ ಹೆಚ್ಚುಕಮ್ಮಿ ಎಲ್ಲರೂ ಬಿಳಿಯರೇ. ನಿಯಮದಲ್ಲಿ ಬಣ್ಣದ ಮಾತೇ ಇಲ್ಲ. ಮತ್ತೆ ಹೇಗೆ ಹೀಗಾಗುತ್ತದೆ? ಕಳಿಸಲೋ ಬೇಡವೋ?

ದಕ್ಷಿಣದಲ್ಲಿ ಓದಿದವನು
ನಿಯಮ ಬೇಕಿಲ್ಲ ಅಕ್ಕ, ಗುಟ್ಟಾಗಿ ವೋಟು ಹಾಕಿದರೆ ಸಾಕು. ಯಾಕೆ ಬೇಡ ಅಂದರು ಅಂತ ಯಾರೂ ಹೇಳಬೇಕಾಗಿಲ್ಲ. ಅಲಬಾಮಾ ವಿಶ್ವವಿದ್ಯಾಲಯದಲ್ಲಿ 2013ರಲ್ಲಿ ಆದದ್ದು ನೋಡಿ. ತುಂಬಾ ಒಳ್ಳೆ ಅಂಕ ತೆಗೆದ ಕಪ್ಪು ಹುಡುಗಿಯನ್ನು ಒಂದು ಸೊರಾರಿಟಿಯ, ಓದು ಮುಗಿಸಿ ಹೋದ ಹಳೆಯ ಸದಸ್ಯೆಯರು ಬೇಡ ಅಂದರು, ನಮಗೆ ಅವಳು ಬೇಕಿತ್ತು ಅಂತ ಒಳಗಿದ್ದ ಹುಡುಗಿಯೊಬ್ಬಳೇ ಹೆಸರು ಕೊಟ್ಟು ಕಾಲೇಜಿನ ಪತ್ರಿಕೆ 'ಕ್ರಿಮ್ಸನ್ ವೈಟ್'ಗೆ ಹೇಳಿಬಿಟ್ಟಳು. ಗವರ್ನರ್ ವ್ಯಾಲೇಸ್ ಕಪ್ಪು ವಿದ್ಯಾರ್ಥಿಗಳು ಒಳಗೆ ಬರಬಾರದು ಅಂತ ಬಾಗಿಲಿಗೆ ಅಡ್ಡ ನಿಂತದ್ದು ಇದೇ ಕಾಲೇಜಿನಲ್ಲಿ, 1963ರಲ್ಲಿ. ಸರಿಯಾಗಿ 50 ವರ್ಷ! ಸುದ್ದಿ ದೇಶವೆಲ್ಲ ಹಬ್ಬಿದ ಮೇಲೆ ವಿಶ್ವವಿದ್ಯಾಲಯದ ಆಗಿನ ಅಧ್ಯಕ್ಷೆ ಜೂಡಿ ಬಾನರ್ ಸೇರಿಸಿಕೊಳ್ಳುವ ಅವಧಿ ಮುಂದುವರಿಸಿದರು, ಆಮೇಲೆ ಕೆಲವು ಕಪ್ಪು ಹುಡುಗಿಯರಿಗೆ ಬಿಡ್ ಸಿಕ್ಕಿತು.

ಡಲ್ಲಾಸ್ ಮಾವ
ಹಳೇ ಕಥೆ ಬಿಡಿ, ಈಗಿನ ಹುಡುಗರು ಹಾಗಿಲ್ಲ. ಸುಮ್ನೆ ಹೆದರಿಸಬೇಡಿ.

ದಕ್ಷಿಣದಲ್ಲಿ ಓದಿದವನು
ಮಾವ, 2015ರಲ್ಲಿ ನಿಮ್ಮ ಪಕ್ಕದ ಓಕ್ಲಹೋಮಾದಲ್ಲೇ ಎಸ್‌ಎಇ ಅನ್ನೋ ಫ್ರಟರ್ನಿಟಿಯ (ಹುಡುಗರ ಇಂಥದ್ದೇ ಸಂಘ) ಹುಡುಗರು ಬಸ್ಸಿನಲ್ಲಿ, ಕಪ್ಪು ಜನರನ್ನು ನೇಣು ಹಾಕುವ ಮಾತಿರುವ ಹಾಡು ಹೇಳಿ ವಿಡಿಯೋದಲ್ಲಿ ಸಿಕ್ಕಿಬಿದ್ದರಲ್ಲ, ಅವರೂ 'ಈಗಿನ ಹುಡುಗರೇ'. ಮನೆ ಮುಚ್ಚಿಸಿದರು, ಇಬ್ಬರನ್ನು ಕಾಲೇಜಿನಿಂದ ಹೊರಗೆ ಹಾಕಿದರು.

ಆಸ್ಟಿನ್ ಹುಡುಗಿ
ಆಂಟಿ, ಬಿಳಿಯರ ಮನೆಗಳಷ್ಟೇ ಇರೋದಲ್ಲ. ಕಪ್ಪು ವಿದ್ಯಾರ್ಥಿಗಳು 1906ರಲ್ಲೇ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ಆಲ್ಫಾ ಫೈ ಆಲ್ಫಾ ಫ್ರಟರ್ನಿಟಿ ಕಟ್ಟಿದರು, ಮಾರ್ಟಿನ್ ಲೂಥರ್ ಕಿಂಗ್ ಅದರ ಸದಸ್ಯ. 1908ರಲ್ಲಿ ಹೊವಾರ್ಡ್ ವಿಶ್ವವಿದ್ಯಾಲಯದಲ್ಲಿ ಶುರುವಾದ ಆಲ್ಫಾ ಕಪ್ಪಾ ಆಲ್ಫಾ ಸೊರಾರಿಟಿಗೆ ಸೇರಿದವರು ಕಮಲಾ ಹ್ಯಾರಿಸ್. ನಮ್ಮಂಥವರಿಗೂ ಇವೆ: ಕಪ್ಪಾ ಫೈ ಗಾಮಾ 1998ರಲ್ಲಿ ಇಲ್ಲೇ ಆಸ್ಟಿನ್‌ನಲ್ಲಿ ಹುಟ್ಟಿದ ದಕ್ಷಿಣ ಏಷ್ಯಾ ಹುಡುಗಿಯರ ಸೊರಾರಿಟಿ. ಅಂಥದ್ದೊಂದಕ್ಕೆ ನಾನೂ ಸೇರಿದ್ದೆ. ಚೆನ್ನಾಗಿತ್ತು, ಆದರೆ ಅಲ್ಲಿ ಒಬ್ಬಳು ಎರಡನೇ ದಿನವೇ "ನಿಮ್ಮ ಸರ್‌ನೇಮ್ ಯಾವ ಜನದ್ದು?" ಅಂತ ಕೇಳಿದಳು. ಏಳು ಸಮುದ್ರ ದಾಟಿದರೂ! ಕ್ಯಾಲಿಫೋರ್ನಿಯಾ ಸ್ಟೇಟ್ ವಿಶ್ವವಿದ್ಯಾಲಯ 2022ರಲ್ಲಿ ತಾರತಮ್ಯ ತಡೆಯುವ ನಿಯಮಕ್ಕೆ ಜಾತಿಯನ್ನೂ ಸೇರಿಸಿದ್ದು ಸುಮ್ಮನೆ ಅಲ್ಲ.

ಹಾಸನದವಳು, ಈಗ ಅಟ್ಲಾಂಟಾ
ಎಲ್ಲರಿಗೂ ಥ್ಯಾಂಕ್ಸ್. ಮಗಳಿಗೆ ಓದಿ ಹೇಳಿದೆ. "ಅಮ್ಮಾ, ಹೋಗಿ ನೋಡ್ತೀನಿ, ಅವರು ಮಾತ್ರ ನನ್ನನ್ನ ಆರಿಸೋದಲ್ಲ, ನಾನೂ ಅವರನ್ನ ಆರಿಸ್ತೀನಿ" ಅಂದಳು. ನನ್ನನ್ನು ನೋಡೋಕೆ ಬಂದಾಗ ನಾನು ಇಷ್ಟು ಮಾತಾಡಿರಲಿಲ್ಲ.