ಕ ಎಲ್ಲಿ ಹೋದ?

ವ್ಯಾಕರಣದ ಮೇಲೆ ಕಾಮಿಕ್ಸ್ ಮಾಡೋಣ ಎಂದವಳು ನಮ್ಮ ಚಿತ್ರ ಬರೆಯುವ ಗೆಳತಿ. ಮೊದಲ ಚಿತ್ರವನ್ನೂ ಬರೆದೇ ತಂದಿದ್ದಳು. ಮೊಲ ಆಮೆಗೆ "ಓಡು!" ಎನ್ನುತ್ತದೆ. ಆಮೆ ಬೆನ್ನು ತೋರಿಸಿ "ಇದೆಯಲ್ಲ!" ಎನ್ನುತ್ತದೆ.

ನಾನು ನಕ್ಕೆ. ಮೇಷ್ಟ್ರು ನಗಲಿಲ್ಲ.

"ಆಮೆಯದು ಚಿಪ್ಪು ಅಲ್ವೇನಮ್ಮ?"

"ಓಡು ಅಂತಲೂ ಅಂತಾರೆ ಮೇಷ್ಟ್ರೇ. ನಿಘಂಟು ನೋಡಿ."

"ನಿಘಂಟು ನೋಡಿ ನಗಬೇಕಾದರೆ ಅದು ಜೋಕಲ್ಲ, ಹೋಂವರ್ಕ್."

ಗೆಳತಿಯ ಮುಖ ಬಾಡಿತು. ಪಾಪ, ಶ್ಲೇಷೆಗೆ ಚಿತ್ರ ಬರೆಯುವುದು ಸುಮ್ನೆ ಅಲ್ಲ. ಕಿವಿಗೆ ಎರಡೂ ಅರ್ಥ ಒಟ್ಟಿಗೇ ಬೀಳುತ್ತವೆ. ಚಿತ್ರದಲ್ಲಿ ಒಂದನ್ನೇ ಬರೆಯಲು ಸಾಧ್ಯ. "ಬಂದರಿಗೆ ಬಂದರು" ಎಂದು ಬರೆದು ಹಡಗಿನಿಂದ ಜನ ಇಳಿಯುವುದನ್ನು ತೋರಿಸಿದರೆ ಯಾರು ನಗುತ್ತಾರೆ?

"ಹಾಗಲ್ಲ," ಎಂದೆ ನಾನು. "ಹಡಗಿನ ಕಂಬದ ಮೇಲಿರುವವನು ದುರ್ಬೀನಿನಲ್ಲಿ ನೋಡಿ 'ಬಂದರು! ಬಂದರು!' ಎಂದು ಕೂಗಲಿ. ಕೆಳಗಿರುವವರೆಲ್ಲ ಗಾಬರಿಯಿಂದ ಕತ್ತಿ ಹಿರಿದು ನಿಲ್ಲಲಿ."

ಈಗ ಮೇಷ್ಟ್ರ ಮೀಸೆ ಅಲುಗಿತು. ಅವರ ಮಟ್ಟಿಗೆ ಅದು ನಗುವೇ.

ತಲೆ ತಿನ್ನುವವನ ಕೈಗೆ ಚಮಚ ಕೊಡುವ ಮಾತೂ ಬಂತು. ಅದು ಹಳತಾಯಿತು ಎಂದು ಬಿಟ್ಟೆವು.

"ಪದ ಬಿಡಿ, ಸಂಧಿಗೆ ಬನ್ನಿ," ಎಂದು ಮೇಷ್ಟ್ರು ಪೆನ್ಸಿಲ್ ಕಿತ್ತುಕೊಂಡರು. "ಲೋಪ ಒಬ್ಬ ಹೊಟ್ಟೆಬಾಕ. 'ಊರು' ಮತ್ತು 'ಅಲ್ಲಿ' ಸೇರುವಾಗ ಉಕಾರವನ್ನು ಗುಳುಂ ಮಾಡಿ 'ಊರಲ್ಲಿ' ಎಂದು ತೇಗುತ್ತಾನೆ. ಆಗಮ ಕರೆಯದೆ ಬರುವ ನೆಂಟ. 'ಮನೆ'ಗೂ 'ಅನ್ನು'ಗೂ ನಡುವೆ ಯಕಾರ ನುಗ್ಗಿ ಕಾಲು ಚಾಚುತ್ತದೆ, 'ಮನೆಯನ್ನು'. 'ಗುರು' ಇದ್ದಲ್ಲಿಗೆ ಅದರ ತಮ್ಮ ವಕಾರ ಬರುತ್ತದೆ."

"ಆದೇಶ?"

"ಅದೇ ಮಜಾ! 'ಮಳೆ' ಪಕ್ಕ 'ಕಾಲ' ಬಂದು ಕೂತಿತು. ನೋಡಿದರೆ ಕ ಇಲ್ಲ! ಅವನ ಕುರ್ಚಿಯಲ್ಲಿ ಗ ಕೂತಿದ್ದಾನೆ. ಮಳೆಗಾಲ."

"ಕ ಎಲ್ಲಿ ಹೋದ?"

"ಮೇಲಿಂದ ಆದೇಶ ಬಂತು ಕಣಮ್ಮ."

"ಓ, ವರ್ಗಾವಣೆ!"

"ಎಲ್ಲಿಯ ವರ್ಗಾವಣೆ? ಇಬ್ಬರೂ ಒಂದೇ ವರ್ಗ!" ಎಂದು ಮೇಷ್ಟ್ರು ಮೇಜು ಗುದ್ದಿ ತಾವೇ ಜಾಸ್ತಿ ನಕ್ಕರು.

ಗೆಳತಿ ನನ್ನ ಮುಖ ನೋಡಿದಳು. ನಾನು ಅವಳ ಮುಖ ನೋಡಿದೆ.

"ಕ, ಖ, ಗ, ಘ, ಙ... ಕವರ್ಗ ಅಲ್ವೇನ್ರೋ? ಚಿತ್ರದ ಕೆಳಗೆ ಸಣ್ಣದಾಗಿ ಬರೆದುಬಿಡಮ್ಮ, ಓದಿದವರಿಗೆ ತಿಳಿಯಲಿ."

"ಹೋಂವರ್ಕಾ ಮೇಷ್ಟ್ರೇ?" ಎಂದಳು ಗೆಳತಿ.