ಅಪ್‌ಡೇಟ್: ಟಿಪ್ಪರ್ ಬಿಟ್ಟುಕೊಟ್ಟರು, ಕೇಸ್ ಮುಗಿದಿಲ್ಲ

ಗದ್ದೆಗೆ ಮಣ್ಣು ತುಂಬಿಸುತ್ತಿದ್ದಾಗ ಪರ್ಮಿಟ್ ಇಲ್ಲವೆಂದು ನನ್ನ ಟಿಪ್ಪರ್ ಹಿಡಿದಿದ್ದರು, ಬಿಡಿಸಿಕೊಳ್ಳುವುದು ಹೇಗೆ ಎಂದು ಕೇಳಿದ್ದೆನಲ್ಲ, ನಿನ್ನೆ ಗಾಡಿ ಮನೆಗೆ ಬಂತು.

'ಬರೀ ಮಣ್ಣು ತಾನೇ' ಅಂದುಕೊಂಡಿದ್ದೇ ನನ್ನ ಮೊದಲ ತಪ್ಪು. ಕಟ್ಟಡ, ರಸ್ತೆ ಕೆಲಸಕ್ಕೆ ತುಂಬಿಸುವ ಸಾಮಾನ್ಯ ಮಣ್ಣು 2000ದಿಂದಲೇ ಉಪಖನಿಜ, ಅಂದರೆ ಗಣಿ ಕಾನೂನಿನಡಿ ಬರುವ ಸಣ್ಣ ಖನಿಜ. ಎಂಎಂಡಿಆರ್ ಕಾಯ್ದೆ (ಗಣಿ ಮತ್ತು ಖನಿಜಗಳ ಕಾಯ್ದೆ) 1957ರ 21(4)ನೇ ಕಲಮಿನಡಿ ವಾಹನ ವಶಕ್ಕೆ ಪಡೆಯಬಹುದು. ಶಾಶ್ವತವಾಗಿ ಮುಟ್ಟುಗೋಲು ಹಾಕುವ ಅಧಿಕಾರ ಮಾತ್ರ ನ್ಯಾಯಾಲಯದ್ದು.

ಠಾಣೆಗೆ ಅಲೆದದ್ದೆಲ್ಲ ವ್ಯರ್ಥ. ವಕೀಲರು ಕೋರ್ಟಿನಲ್ಲಿ ಹೊಸ ಕ್ರಿಮಿನಲ್ ಪ್ರಕ್ರಿಯಾ ಕಾನೂನಾದ ಬಿಎನ್‌ಎಸ್‌ಎಸ್ 497 ಮತ್ತು 503ರಡಿ (ಹಳೆಯ ಸಿಆರ್‌ಪಿಸಿ 451, 457) ಅರ್ಜಿ ಹಾಕಿದರು. ವಶಪಡಿಸಿದ ವಾಹನಗಳನ್ನು ಠಾಣೆಯಲ್ಲಿ ಬಹುಕಾಲ ಕೊಳೆಯಲು ಬಿಡಬಾರದೆಂದ ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದ 2002ರ ಸುಪ್ರೀಂ ಕೋರ್ಟ್ ತೀರ್ಪನ್ನೂ ಜೊತೆಗಿಟ್ಟರು. ಆರ್‌ಸಿ, ವಿಮೆ ನನ್ನ ಹೆಸರಲ್ಲೇ ಇದ್ದದ್ದು ಪುಣ್ಯ.

ಗಾಡಿ ಬಿಡಲು ಕೋರ್ಟ್ ಹಾಕಿದ ಷರತ್ತುಗಳು ಹೀಗಿವೆ: ಬಾಂಡ್, ಜಾಮೀನುದಾರ, ಫೋಟೊ ಸಮೇತ ಪಂಚನಾಮೆ. ಮಾರುವಂತಿಲ್ಲ, ರೂಪ ಬದಲಿಸುವಂತಿಲ್ಲ, ಕರೆದಾಗ ಹಾಜರುಪಡಿಸಬೇಕು. ಬ್ಯಾಟರಿ ಸತ್ತಿತ್ತು, ಎರಡು ಟೈರ್ ಹೋಗಿದ್ದವು, ಅದು ಬೇರೆ ಗೋಳು.

ಎಂಎಂಡಿಆರ್ ಕಾಯ್ದೆಯ ಕಲಂ 23ಎ ಅಡಿ ದಂಡ ಕಟ್ಟಿ ರಾಜಿ ಮಾಡಿಕೊಳ್ಳಬಹುದೇ ಎಂದು ಈಗ ವಿಚಾರಿಸುತ್ತಿದ್ದೇನೆ. ಗದ್ದೆ ತುಂಬಿಸಿದ್ದಕ್ಕೆ ಜಮೀನಿನ ಮಾಲೀಕರಿಗೆ ಕಂದಾಯ ಇಲಾಖೆಯ ನೋಟಿಸ್ ಪ್ರತ್ಯೇಕವಾಗಿ ಬಂದಿದೆ.